ಆಟಿಗೆ ಹೋದ ಅಮ್ಮ

ಮೂಡಬಿದಿರೆ
20 ಜುಲೈ 2025

ಪ್ರೀತಿಯ ಅಮ್ಮ,

ಇವತ್ತು ಬೆಳಿಗ್ಗೆ ಬಸ್ ಸ್ಟ್ಯಾಂಡಿನ ಬೆಂಚಿನಲ್ಲಿ ಒಬ್ಬ ಹೆಂಗಸು ಮಡಿಲಲ್ಲಿ ಕೆಸುವಿನ ಎಲೆಯ ಕಟ್ಟು ಇಟ್ಟುಕೊಂಡು ಕೂತಿದ್ದಳು. ದೊಡ್ಡ ಎಲೆ ಅಡಿಯಲ್ಲಿ, ಸಣ್ಣದು ಮೇಲೆ, ತುದಿಗಳೆಲ್ಲ ಒಂದೇ ಕಡೆಗೆ, ದಂಟುಗಳನ್ನು ಬಾಳೆನಾರಿನಲ್ಲಿ ಬಿಗಿದಿದ್ದಳು. ಪತ್ರೊಡೆಗೆ ಎಲೆ ತಂದಾಗ ನೀನು ಹೀಗೆಯೇ ಜೋಡಿಸುವುದು. ಬೇರೆ ಯಾರಾದರೂ ಹೀಗೆ ಜೋಡಿಸುತ್ತಾರೆ ಎಂದು ನಾನು ಎಣಿಸಿಯೇ ಇರಲಿಲ್ಲ. ಹಾಲು ತರಲು ಹೋದವಳು ಅವಳ ಬಸ್ಸು ಬರುವವರೆಗೆ ಅಲ್ಲೇ ನಿಂತುಬಿಟ್ಟೆ.

ನಿನ್ನೆ ಸಂಜೆ ಅಪ್ಪ ಫೋನ್ ಮಾಡಿದ್ದರು. "ನಿನ್ನ ಅಮ್ಮ ಆಟಿಗೆ ಹೋಗಿದ್ದಾಳೆ" ಎಂದರು. ನಾನು ನಕ್ಕೆ. ಅವರು ನಗಲಿಲ್ಲ.

ಮದುವೆಯಾದ ಮೊದಲ ವರ್ಷ ಜಡಿಮಳೆಯ ಆಟಿ ತಿಂಗಳಲ್ಲಿ ಮದುಮಗಳು ತವರಿಗೆ ಹೋಗಿ ಕೂರುತ್ತಾಳೆ. ಮುಂದಿನ ತಿಂಗಳು ಸೋಣ ಹುಟ್ಟಿದ ಮೇಲೆ ಗಂಡನ ಮನೆಯವರು ಹೋಗಿ ಕರೆದುಕೊಂಡು ಬರುತ್ತಾರೆ. ನೀನು ಮದುವೆಯಾದ ವರ್ಷ ಆಟಿಗೆ ಹೋಗಲಿಲ್ಲ ಎಂಬುದು ನನಗೆ ಗೊತ್ತು. ಅಜ್ಜಿ ಪಾಚಿಯಲ್ಲಿ ಜಾರಿ ಬಿದ್ದು ಸೊಂಟ ಮುರಿದುಕೊಂಡಿದ್ದರಂತೆ, "ಮುಂದಿನ ವರ್ಷ ಹೋಗು" ಎಂದರಂತೆ. ಮುಂದಿನ ವರ್ಷ ನಾನು ನಿನ್ನ ಹೊಟ್ಟೆಯಲ್ಲಿದ್ದೆ. ಆಮೇಲೆ ಆ ಮಾತು ಯಾರೂ ಎತ್ತಲಿಲ್ಲ. ಈಗ ಅಜ್ಜಿಯ ವರ್ಷಾಂತಿಕ ಮುಗಿದು ತಿಂಗಳಾಗಿದೆ ಅಷ್ಟೆ. ಐವತ್ತು ದಾಟಿದ ನೀನು ಬ್ಯಾಗು ಹಿಡಿದು, "ನಾನು ಆಟಿಗೆ ಹೋಗ್ತೇನೆ" ಎಂದು ಹೇಳಿ ನರಿಕೊಂಬಿನಿಂದ ಲಾಯಿಲದ ಮಾವನ ಮನೆಗೆ ಹೊರಟೇಬಿಟ್ಟೆ.

ಫೋನಿನಲ್ಲೇ ಕೇಳಬಹುದಿತ್ತು. ಆದರೆ ಫೋನಿನಲ್ಲಿ ನಾವು ತುಳು ಮಾತಾಡುತ್ತೇವೆ. ತುಳುವಿನಲ್ಲಿ ನಮಗೆ ಊಟ ಆಯಿತಾ, ಮಳೆ ಉಂಟಾ ಎಂದು ಕೇಳಿ ಮಾತ್ರ ಗೊತ್ತು. ನಾನು ಹಾಸ್ಟೆಲಿಗೆ ಹೋದಂದಿನಿಂದ ಮುಖ್ಯವಾದದ್ದನ್ನೆಲ್ಲ ನಾವು ಕಾಗದದಲ್ಲಿ, ಕನ್ನಡದಲ್ಲಿಯೇ ಹೇಳಿಕೊಂಡಿದ್ದೇವೆ. ಆದ್ದರಿಂದ ಕಾಗದದಲ್ಲೇ ಕೇಳುತ್ತೇನೆ. ಏನಾದರೂ ಆಯಿತಾ ಅಮ್ಮ? ಅಪ್ಪ ಏನಾದರೂ ಹೇಳಿದರಾ? ಯಾವಾಗ ಬರುತ್ತೀ?

ಪ್ರೆಸ್ಸಿನಲ್ಲಿ ಶಾಲಾ ಸಂಚಿಕೆಗಳ ಕೆಲಸ ರಾಶಿ ಬಿದ್ದಿದೆ. ಕರಡು ತಿದ್ದಿ ತಿದ್ದಿ ಕಣ್ಣು ಉರಿ. ನನ್ನ ಬಗ್ಗೆ ಚಿಂತೆ ಬೇಡ.

ನಿನ್ನ ಮಗಳು
ವಿಸ್ಮಿತಾ


ನರಿಕೊಂಬು
26 ಜುಲೈ 2025

ಚಿ. ವಿಸ್ಮಿತಾಳಿಗೆ,

ನಿನ್ನ ಅಪ್ಪ ಮಾಡುವ ಆಶೀರ್ವಾದಗಳು. ನಾನು ಕಾಗದ ಬರೆಯದೆ ವರ್ಷಗಳಾದವು. ಟೈಂಕೀಪರ್ ಕೆಲಸದಲ್ಲಿ ಬರೆಯುವುದೆಲ್ಲ ಬಸ್ಸಿನ ಹೆಸರು ಮತ್ತು ಹೊತ್ತು. ತಪ್ಪಿದ್ದರೆ ತಿದ್ದಿ ಓದು, ನಿನ್ನ ಕೆಲಸವೇ ಅದಲ್ಲವಾ.

ಗುರುವಾರ ಆಟಿ ಅಮಾವಾಸ್ಯೆ. ಬೆಳಕಾಗುವ ಮೊದಲೇ ಕಲ್ಲು ಹಿಡಿದು ಹೋಗಿ ಹಾಲೆ ಮರದ ತೊಗಟೆ ಜಜ್ಜಿ ತಂದೆ. ಇಷ್ಟು ವರ್ಷ ನಾನು ತರುವುದು, ನಿನ್ನ ಅಮ್ಮ ಕಷಾಯ ಮಾಡುವುದು. ಈ ಸಲ ಎರಡೂ ನಾನೇ. ಬೆಳ್ಳುಳ್ಳಿ, ಓಮ, ಕರಿಮೆಣಸು ಹಾಕಿದೆ, ಬಿಳಿಕಲ್ಲು ಕಾಯಿಸಿ ಅದರಲ್ಲಿ ಮುಳುಗಿಸಿ ಒಗ್ಗರಣೆಯನ್ನೂ ಕೊಟ್ಟೆ. ಒಂದು ಲೋಟ ಕುಡಿದೆ. ಕುಡಿದ ಮೇಲೆ ನೆನಪಾಯಿತು, ಉಷ್ಣ ಇಳಿಸುವ ಮೆಂತೆ ಗಂಜಿ ಮಾಡಿಯೇ ಇಲ್ಲ! ಮೆಂತೆ ಎಲ್ಲಿ ಉಂಟೆಂದು ಡಬ್ಬಿಗಳನ್ನೆಲ್ಲ ತೆಗೆದೆ. ಸಿಗಲಿಲ್ಲ. ಮಧ್ಯಾಹ್ನದವರೆಗೆ ಬಾಯಿ ಕಹಿ. ಬಿ.ಸಿ. ರೋಡಿನ ಸ್ಟ್ಯಾಂಡಿನಲ್ಲಿ ಜೊತೆಗೆ ಕೆಲಸ ಮಾಡುವ ಮಾಯಿಲಪ್ಪ ನನ್ನ ಮುಖ ನೋಡಿ, "ಎಂತ ಧರ್ಣಪ್ಪಣ್ಣ, ಯಾರಿಗೆ ಬೈಲಿಕ್ಕೆ ಹೊರಟದ್ದು?" ಎಂದು ಕೇಳಿದ.

ನಾನು ಅವಳಿಗೆ ಒಂದು ಮಾತೂ ಅನ್ನಲಿಲ್ಲ. ದೇವರಾಣೆ. ಸ್ಟಾಪ್ ಇಲ್ಲದ ಕಡೆ ಬೆಲ್ಲು ಹೊಡೆದು ಇಳಿದ ಹಾಗೆ ಇಳಿದಳು. ನಾನು ರೈಟ್ ಅನ್ನಬೇಕೋ ಹೋಲ್ಡಾನ್ ಅನ್ನಬೇಕೋ ಗೊತ್ತಾಗಲಿಲ್ಲ.

ಇನ್ನೊಂದು ವಿಷಯ. ನಮ್ಮ ಬಾವಿಕಟ್ಟೆಯ ಕೆಂಪು ತೊಳೆಯ ಹಲಸಿನ ಮರದ ತುದಿ ಕಡ್ಡಿಗಳನ್ನು ಯಾರೋ ಕತ್ತರಿಸಿಕೊಂಡು ಹೋಗಿದ್ದಾರೆ. ಮೊದಲೇ ಅದು ಹೊಳೆಯ ಕಡೆಗೆ ವಾಲಿದೆ, ಮುಂದಿನ ಮಳೆಗಾಲದ ಮೊದಲು ಕಡಿಸಬೇಕು. ನನ್ನ ಅಮ್ಮನ ಮರ. ಅದರ ಮೇಲೆ ಯಾರಿಗೆ ಕಣ್ಣೋ.

ನೀನು ಓದಿದವಳು. ನಿನ್ನ ಅಮ್ಮನಿಗೆ ನಾಟುವ ಹಾಗೆ ಒಂದು ಕಾಗದ ಬರೆ.

ಇಂತಿ,
ಧರ್ಣಪ್ಪ


ಲಾಯಿಲ
2 ಆಗಸ್ಟ್ 2025

ಮಗಾ ವಿಸ್ಮಿತಾ,

ನಿನ್ನ ಕಾಗದ ಬಂದು ಒಂದು ವಾರ ಆಯಿತು. ಉತ್ತರ ತಡವಾಯಿತೆಂದು ಬೇಸರ ಮಾಡಬೇಡ. ಏನೂ ಆಗಲಿಲ್ಲ. ನಿನ್ನ ಅಪ್ಪ ಏನೂ ಹೇಳಲಿಲ್ಲ. ಅವರು ಹೇಳುವವರೂ ಅಲ್ಲ.

ಅಪ್ಪನ ಕಾಗದದಲ್ಲಿದ್ದದ್ದನ್ನು ನೀನು ಫೋನಿನಲ್ಲಿ ಓದಿ ಹೇಳಿದೆಯಲ್ಲ, ಮೆಂತೆ ಮೇಲಿನ ಹಲಗೆಯಲ್ಲಿ ಹಾರ್ಲಿಕ್ಸ್ ಬಾಟ್ಲಿಯಲ್ಲಿ ಉಂಟು. ಅವರಿಗೆ ಹೇಳು. ಹಾಲೆ ಮರದ ಬಗ್ಗೆ ನೀನು ಹೆದರಿದೆ, ಕತ್ತಲೆಯಲ್ಲಿ ಅದರ ಬದಲು ವಿಷದ ಕಾಸರಕದ ತೊಗಟೆ ತಂದರೆ ಜೀವಕ್ಕೇ ಅಪಾಯ ಎಂದು. ನನಗೆ ಹೆದರಿಕೆ ಇರಲಿಲ್ಲ. ಇಷ್ಟು ವರ್ಷ ಅವರು ತಂದದ್ದನ್ನು ನಾನು ಕಣ್ಣು ಮುಚ್ಚಿ ಅರೆದಿದ್ದೇನೆ, ನೀನೂ ಕಣ್ಣು ಮುಚ್ಚಿ ಕುಡಿದಿದ್ದಿ. ಅವರಿಗೆ ಮರ ಗೊತ್ತುಂಟು.

ಹಲಸಿನ ಕಡ್ಡಿ ಕತ್ತರಿಸಿದ ಕಳ್ಳಿ ನಾನೇ. ಒದ್ದೆ ಬಟ್ಟೆ ಸುತ್ತಿ, ಬ್ಯಾಗಿನಲ್ಲಿ ಸೀರೆಗಳ ನಡುವೆ ಇಟ್ಟು ತಂದೆ. ಒಂದು ವಾರ ಮೊದಲೇ ಎಲೆ ಚಿವುಟಿ ಬಿಟ್ಟಿದ್ದೆ, ಹಾಗೆ ಮಾಡಿದರೆ ಮೊಗ್ಗು ಉಬ್ಬುತ್ತದೆ. ನಿನ್ನ ಅಪ್ಪ ದಿನಾ ಆ ಮರದ ಅಡಿಯಲ್ಲೇ ಹಲ್ಲು ತಿಕ್ಕುವುದು, ನೋಡಲಿಲ್ಲ.

ನಾನು ಸಣ್ಣವಳಿರುವಾಗ ನಮ್ಮ ನೆರೆಯ ಹಾಜಬ್ಬಾಕ ಮನೆ ಮನೆಗೆ ಹೋಗಿ ಕಸಿ ಕಟ್ಟುತ್ತಿದ್ದರು. ಅವರ ಹಿಂದೆ ನಾನು ಚೂರಿಯ ಡಬ್ಬಿ ಹಿಡಿದುಕೊಂಡು ಹೋಗುತ್ತಿದ್ದೆ. ಮದುವೆಗೆ ಮೊದಲು ಒಂದು ಮಳೆಗಾಲದಲ್ಲಿ ನಾನೊಬ್ಬಳೇ ಕಟ್ಟಿದ ಗಿಡಗಳು ಹಾಜಬ್ಬಾಕನ ಗಿಡಗಳಿಗಿಂತ ಹೆಚ್ಚು ಚಿಗುರಿದ್ದವು. ಇದನ್ನು ನಿನಗೆ ನಾನು ಯಾವಾಗಲಾದರೂ ಹೇಳಿದ್ದೇನಾ? ಇಲ್ಲ ಅಂತ ಕಾಣುತ್ತದೆ. ಹೇಳುವುದಕ್ಕೆ ಸಂದರ್ಭವೇ ಬರಲಿಲ್ಲ.

ಹಾಜಬ್ಬಾಕ ಈಗ ಇಲ್ಲ. ಅವರ ಮಗ ಅಬ್ದುಲ್ ರವೂಫ್ ವಿದೇಶದ ಕೆಲಸ ಬಿಟ್ಟು ದಮಾಮಿನಿಂದ ಬಂದು ರಸ್ತೆ ಬದಿ ನರ್ಸರಿ ಇಟ್ಟಿದ್ದಾನೆ. ಹಾಜಬ್ಬಾಕನ ಹೆಂಡತಿ ಬೀಪಾತುಮ್ಮ ಹಸಿರು ಬಲೆಯ ನೆರಳಿನಲ್ಲಿ ಕುರ್ಚಿ ಹಾಕಿ ಕೂತು ಎಲ್ಲರ ಕೆಲಸಕ್ಕೂ ತಪ್ಪು ಹಿಡಿಯುತ್ತಾರೆ. ನಾನು ಮೊದಲ ಗಿಡ ಕಟ್ಟುವಾಗ ಹತ್ತಿರ ಬಂದು ನೋಡಿದರು. "ಏ ಹರಿಣೀ, ನಿನ್ನ ಕೈಗೆ ಏನೂ ಮರೆತಿಲ್ಲ. ಬಾಯಿಗೆ ಮಾತ್ರ ಮರೆತಿದೆ. ಮೊದಲು ಎಷ್ಟು ಮಾತಾಡ್ತಿದ್ದಿ ಮಾರಾಯ್ತಿ!" ಎಂದರು. ನಾನು ಮೊದಲು ತುಂಬ ಮಾತಾಡುತ್ತಿದ್ದೆನಂತೆ. ನನಗೇ ನೆನಪಿಲ್ಲ.

ಯಾವಾಗ ಬರುತ್ತೀ ಎಂದು ಕೇಳಿದ್ದಿ. ಆಟಿ ಇನ್ನೂ ಮುಗಿದಿಲ್ಲವಲ್ಲ.

ನಿನ್ನ ಅಮ್ಮ
ಹರಿಣಾಕ್ಷಿ


ಮೂಡಬಿದಿರೆ
10 ಆಗಸ್ಟ್ 2025

ಪ್ರೀತಿಯ ಅಪ್ಪನಿಗೆ,

ಮೆಂತೆ ಮೇಲಿನ ಹಲಗೆಯ ಹಾರ್ಲಿಕ್ಸ್ ಬಾಟ್ಲಿಯಲ್ಲಿದೆಯಂತೆ. ಹಲಸಿನ ಕಡ್ಡಿ ಕದ್ದವರು ಗೊತ್ತಾಗಿದ್ದಾರೆ, ಪೊಲೀಸ್ ಬೇಡ. ಅಮ್ಮ ಅವನ್ನು ಕಸಿ ಕಟ್ಟಲು ಕೊಂಡುಹೋಗಿದ್ದಾಳೆ. ಮರ ಕಡಿದರೂ ಅದರ ಹಣ್ಣು ಉಳಿಯುತ್ತದೆ.

ನಾಟುವ ಹಾಗೆ ಕಾಗದ ಬರೆ ಎಂದಿರಿ. ನಾಲ್ಕು ಸಲ ಬರೆದೆ, ನಾಲ್ಕೂ ನನಗೇ ಹಿಡಿಸಲಿಲ್ಲ. ಆಮೇಲೆ ಅನಿಸಿತು, ಆಟಿಗೆ ಹೋದವಳನ್ನು ಕರೆತರುವುದು ಮಗಳ ಕೆಲಸವಲ್ಲ. ಹದಿನೇಳಕ್ಕೆ ಸೋಣ ಸಂಕ್ರಮಣ. ವೀಳ್ಯ ಹಿಡಿದು ಹೋಗಬೇಕಾದವರು ನೀವು. ಆ ವರ್ಷ ನಿಮಗೂ ಆ ಅವಕಾಶ ತಪ್ಪಿತ್ತಲ್ಲ. ಅಮ್ಮ ಖುಷಿಯಾಗಿ ಬರುತ್ತಾಳೆ. ನಿಮ್ಮ ದಾರಿಯನ್ನೇ ನೋಡುತ್ತಿರಬಹುದು.

ನಿಮ್ಮ ಮಗಳು
ವಿಸ್ಮಿತಾ


ನರಿಕೊಂಬು
19 ಆಗಸ್ಟ್ 2025

ಚಿ. ವಿಸ್ಮಿತಾಳಿಗೆ,

ಹೋದೆ. ಬಿಳಿ ಪಂಚೆ ಉಟ್ಟು, ವೀಳ್ಯದೆಲೆ, ಅಡಿಕೆ, ಒಂದು ಚಿಪ್ಪು ಕದಳಿ ಬಾಳೆಹಣ್ಣು ಹಿಡಿದು ಭಾನುವಾರ ಬೆಳಿಗ್ಗೆ ಬಸ್ಸು ಹತ್ತಿದೆ. ಬಸ್ಸಿನಲ್ಲಿ ಎಲ್ಲ ನನ್ನ ಹುಡುಗರೇ. ಕಂಡಕ್ಟರ್, "ಎಂತ ಧರ್ಣಪ್ಪಣ್ಣ, ಮದುವೆಗಾ?" ಎಂದು ಕೇಳಿದ. "ಹೌದು, ನನ್ನದೇ" ಎಂದೆ. ಟಿಕೆಟ್ ಕೊಡಲೇ ಇಲ್ಲ.

ನಿನ್ನ ಮಾವ, ನಮ್ಮ ಜಯಪ್ರಕಾಶ್ ಭಾವ, ಜಗಲಿಯಲ್ಲಿ ಚಾಪೆ ಹಾಸಿದರು. ಆ ಬೀಪಾತುಮ್ಮ ಬೇಲಿಯಾಚೆಯಿಂದಲೇ, "ಹೊಸ ಮದುಮಗ ಬಂದ್ರು, ಕುರ್ಚಿ ಹಾಕಿ, ಶರಬತ್ತು ಮಾಡಿ!" ಎಂದು ಊರಿಗೆಲ್ಲ ಕೇಳುವ ಹಾಗೆ ಕೂಗಿದರು. ನನಗೆ ನಾಚಿಕೆಯಾಯಿತು. ನಿನ್ನ ಅಮ್ಮ ಒಳಗಿನಿಂದ ಬಂದಳು. ಮುಖಕ್ಕೆ ಬಣ್ಣ ಬಂದಿದೆ. ಪತ್ರೊಡೆ ಬಡಿಸಿದಳು. ಊಟ ಆದ ಮೇಲೆ ನಾನು, "ಹೊರಡುವನಾ?" ಎಂದು ಕೇಳಿದೆ. ಅವಳು, "ನೀವು ಹೊರಡಿ, ಕೊನೆಯ ಬಸ್ಸಿಗೆ ರಶ್ ಇರ್ತದೆ" ಎಂದಳು.

ಅಷ್ಟೇ. ಜಗಳ ಇಲ್ಲ. ಕೈಯಲ್ಲಿ ಒಂದು ಗಿಡ ಕೊಟ್ಟಳು. ನಮ್ಮ ಮರದ್ದೇ ಕಸಿ. ಮೇಲೆ ಐಸ್‌ಕ್ಯಾಂಡಿಯ ಪ್ಲಾಸ್ಟಿಕ್ ತೊಟ್ಟೆ ಹಾಕಿ, ಕೆಳಗೆ ಟೇಪು ಸುತ್ತಿ, ಒಳ್ಳೆ ಆಸ್ಪತ್ರೆಯಿಂದ ಬಂದ ಪೇಷಂಟಿನ ಹಾಗೆ ಉಂಟು. "ಚಿಗುರಿದ ಮೇಲೆ ತೊಟ್ಟೆ ತೆಗೆದರೆ ಸಾಕು, ಟೇಪು ಬಿಚ್ಚಬೇಡಿ" ಎಂದಳು. ಬರುವಾಗ ಬಸ್ಸಿನಲ್ಲಿ ಅದನ್ನು ಮಡಿಲಲ್ಲಿ ಇಟ್ಟುಕೊಂಡಿದ್ದೆ. ಬೆಳಗಿನ ಕಂಡಕ್ಟರ್ ಹುಡುಗ ಅದಕ್ಕೆ ತಾಗದ ಹಾಗೆ ದಾಟಿ ಹೋದ.

ಆ ರವೂಫನ ಹತ್ತಿರ ದಿನಗೂಲಿಗೆ ಕೆಲಸಕ್ಕೆ ಸೇರಿದ್ದಾಳೆ. ನನ್ನ ಹೆಂಡತಿ ಕೂಲಿಗೆ ಹೋಗಬೇಕಾದ ಗತಿ ನಮಗೆ ಬಂದಿಲ್ಲ.

ನೀನು ಒಂದು ಕೆಲಸ ಮಾಡು. ಆ ಪ್ರೆಸ್ಸಿನಲ್ಲಿ ಎಂತ ಉಂಟು? ಕೆಲಸ ಬಿಟ್ಟು ಮನೆಗೆ ಬಾ. ಬಂಟ್ವಾಳದಲ್ಲೇ ಎಲ್ಲಿಯಾದರೂ ನೋಡುವ. ನೀನು ಬಂದರೆ ಮನೆ ಮನೆಯ ಹಾಗೆ ಇರ್ತದೆ. ಅವಳೂ ಬರ್ತಾಳೆ.

ಇಂತಿ,
ಧರ್ಣಪ್ಪ


ಲಾಯಿಲ
24 ಆಗಸ್ಟ್ 2025

ಮಗಾ,

ಅಪ್ಪ ಬಂದದ್ದು ನಿನಗೆ ಗೊತ್ತಾಗಿರಬಹುದು. ಪಂಚೆಗೆ ನೀಲಿ ಜಾಸ್ತಿ ಹಾಕಿದ್ದರು. ಒಬ್ಬರೇ ಒಗೆದದ್ದು ಅಂತ ಕಾಣುತ್ತದೆ. ಬಾಳೆಹಣ್ಣನ್ನು ಒಂದೂ ಜಜ್ಜಿಹೋಗದ ಹಾಗೆ ತಂದಿದ್ದರು. ಅವರು ಹೊರಟು ಗೇಟು ದಾಟುವಾಗ ನನಗೂ ಚಪ್ಪಲಿ ಹಾಕಿಕೊಂಡು ಹಿಂದೆಯೇ ಹೋಗುವ ಅನಿಸಿತು. ಹೋಗಲಿಲ್ಲ.

ನಿನಗೆ ಮಾತ್ರ ಹೇಳುತ್ತೇನೆ. ನರಿಕೊಂಬಿನಲ್ಲಿ ನನಗೆ ಈಗಲೂ ಅತ್ತೆಯ ಕೆಮ್ಮು ಕೇಳಿ ಎಚ್ಚರವಾಗುತ್ತದೆ. ಎದ್ದು ನೀರು ಬಿಸಿ ಮಾಡಲು ಹೋಗುತ್ತೇನೆ. ಒಲೆಯ ಮುಂದೆ ನಿಂತ ಮೇಲೆ ನೆನಪಾಗುತ್ತದೆ, ಅವರಿಲ್ಲ. ಅತ್ತೆ ಕೆಟ್ಟವರಲ್ಲ, ನಿನಗೆ ಗೊತ್ತು. ನನ್ನ ಕೈಯಿಂದಲೇ ಉಣ್ಣುತ್ತಿದ್ದರು, ಕೊನೆಗೆ ನಿನ್ನ ಅಪ್ಪನ ಗುರುತೂ ಸಿಗದೆ ಹೋದಾಗ ನನ್ನ ಗುರುತು ಮಾತ್ರ ಸಿಗುತ್ತಿತ್ತು. ಅವರು ಹೋದ ಮೇಲೆ ನನ್ನ ಕೈಗಳಿಗೆ ಏನು ಮಾಡಬೇಕೆಂದು ಗೊತ್ತಾಗಲಿಲ್ಲ. ಇಲ್ಲಿ ಬೆಳಗಾಗುವವರೆಗೆ ನಿದ್ದೆ ಬರುತ್ತದೆ.

ರವೂಫ್ ದೀಪಾವಳಿಯವರೆಗಾದರೂ ಇರಿ ಅಕ್ಕಾ ಎಂದಿದ್ದಾನೆ. ಹೂಂ ಎಂದಿದ್ದೇನೆ. ಆಮೇಲಿನದು ಆಮೇಲೆ. ಅಪ್ಪನಿಗೆ ಕೂಲಿ ಎಂಬ ಮಾತಿಗೆ ಬೇಸರ ಆಗಿರಬಹುದು. ಅವರು ಬೇಸರ ಮಾಡಿಕೊಳ್ಳಲಿ. ಮಾಡಿಕೊಳ್ಳುವ ಅಧಿಕಾರ ಅವರಿಗೆ ಉಂಟು.

ಅಮ್ಮ


ಮೂಡಬಿದಿರೆ
7 ಸೆಪ್ಟೆಂಬರ್ 2025

ಪ್ರೀತಿಯ ಅಮ್ಮ,

ನಿನ್ನೆ ಹೇಳದೆ ಕೇಳದೆ ನರಿಕೊಂಬಿಗೆ ಹೋಗಿದ್ದೆ. ಮನೆಗೆ ಬೀಗ ಇತ್ತು. ನಾನು ಬೀಗ ಹಾಕಿದ ನಮ್ಮ ಮನೆಯನ್ನು ನೋಡಿದ್ದು ಅದೇ ಮೊದಲು. ಯಾವಾಗ ಹೋದರೂ ಅಜ್ಜಿ ಜಗಲಿಯ ಮೂಲೆಯಲ್ಲಿ ಇರುತ್ತಿದ್ದರು, ನೀನು ಒಳಗೆ ಇರುತ್ತಿದ್ದೆ. ಚಪ್ಪಲಿ ಬಿಡುವ ಮೊದಲೇ, "ಬಂದಿಯಾ, ಕೈಕಾಲು ತೊಳಿ" ಎಂಬ ನಿನ್ನ ದನಿ. ಕಾಲೇಜಿನ ದಿನಗಳಲ್ಲಿ ಆ ಮಾತು ಕೇಳಿ ರೇಗುತ್ತಿತ್ತು. ನಿನ್ನೆ ಮೆಟ್ಟಿಲಲ್ಲಿ ಕೂತು ಅಪ್ಪನಿಗೆ ಕಾದೆ. ಕಾಯುತ್ತಾ ಬಾವಿಕಟ್ಟೆಗೆ ಹೋಗಿ ಸುಮ್ಮನೆ ಕೈಕಾಲು ತೊಳೆದು ಬಂದೆ.

ಅಪ್ಪ ಬಂದು ಅನ್ನ ಇಟ್ಟರು. ಸಾರಿಗೆ ಹುಣಸೆ ಜಾಸ್ತಿ. ಉಂಡೆವು. "ಯಾವಾಗ ಕೆಲಸ ಬಿಡ್ತೀ?" ಎಂದು ತುಳುವಿನಲ್ಲಿ ಕೇಳಿದರು. ಮಳೆ ಬರುವ ಹಾಗುಂಟು ಎಂದು ತುಳುವಿನಲ್ಲೇ ಹೇಳಿ ತಟ್ಟೆ ಎತ್ತಿದೆ.

ನನಗೆ ನಿನ್ನ ಮೇಲೆ ಸಿಟ್ಟು ಬಂದಿದೆ ಅಮ್ಮ. ನಿನ್ನ ಕಾಗದ ಓದಿ ಅಳು ಬಂತು, ನೀನು ಹೇಳಿದ್ದು ಸರಿ ಎಂದೂ ಗೊತ್ತು. ಆದರೂ ಸಿಟ್ಟು. ನಾನು ಮೂಡಬಿದಿರೆಯಲ್ಲಿ ನೆಮ್ಮದಿಯಾಗಿ ಇದ್ದದ್ದು ನೀನು ಅಲ್ಲಿ ಇದ್ದೀ ಎಂದು. ಹಿಂದೆ ಒಂದು ಮನೆ ಇದೆ, ಅದರಲ್ಲಿ ಎಲ್ಲ ಎಲ್ಲೆಲ್ಲಿ ಇರಬೇಕೋ ಅಲ್ಲಲ್ಲಿ ಇದೆ ಎಂದು. ಅಪ್ಪನಿಗೆ ಬರೆಯುವಾಗ ನೀನು ಬೇಗ ಬರುತ್ತೀ ಎಂಬ ಧಾಟಿಯಲ್ಲಿ ಬರೆಯುತ್ತೇನೆ. ನಿನಗೆ ಬರೆಯುವಾಗ ಅಪ್ಪ ಆರಾಮ ಎಂದು ಬರೆಯುತ್ತೇನೆ. ಇಬ್ಬರ ನಡುವೆ ಕರಡು ತಿದ್ದುವವಳ ಹಾಗೆ ಕೂತಿದ್ದೇನೆ.

ಪ್ರೆಸ್ಸಿನ ಯಜಮಾನರು ಮುಂದಿನ ವರ್ಷದಿಂದ ಕಥೆಗಳ ಒಂದು ಮಾಲೆ ತರುವ ಯೋಚನೆಯಲ್ಲಿದ್ದಾರೆ. ಅದನ್ನು ನೋಡಿಕೊಳ್ಳುತ್ತೀಯಾ ಎಂದು ನನ್ನನ್ನು ಕೇಳಿದರು. ತಲೆ ತಗ್ಗಿಸಿ, ಹೇಳುತ್ತೇನೆ ಸರ್ ಎಂದೆ. ಕೆಲಸ ಬಿಟ್ಟು ನರಿಕೊಂಬಿಗೆ ಹೋಗುವುದೇ ಸರಿ ಎಂದು ಕಾಣುತ್ತಿದೆ. ಯಾರಾದರೂ ಒಬ್ಬರು ಅಲ್ಲಿ ಇರಬೇಕಲ್ಲ.

ವಿಸ್ಮಿತಾ


ನರಿಕೊಂಬು
14 ಸೆಪ್ಟೆಂಬರ್ 2025

ಚಿ. ವಿಸ್ಮಿತಾಳಿಗೆ,

ಒಂದು ಹೆಚ್ಚುಕಮ್ಮಿ ಆಗಿದೆ. ನಿನ್ನ ಅಮ್ಮನಿಗೆ ನೀನೇ ಹೇಳು, ನನಗೆ ಧೈರ್ಯ ಇಲ್ಲ.

ಅವಳು ಕೊಟ್ಟ ಗಿಡ ಚಿಗುರಿತ್ತು. ಎರಡು ಎಲೆ, ಇಲಿಯ ಕಿವಿಯಷ್ಟು. ತೊಟ್ಟೆ ತೆಗೆದೆ. ದಿನಾ ಬೆಳಿಗ್ಗೆ ಡ್ಯೂಟಿಗೆ ಹೋಗುವ ಮೊದಲು, ಬಂದ ಮೇಲೆ, ಎರಡು ಹೊತ್ತೂ ನೋಡುತ್ತಿದ್ದೆ. ಆದರೆ ಚಿಗುರಿದ್ದು ನಿಜವಾಗಿ ಕೂಡಿದ್ದರಿಂದಲಾ, ಅಥವಾ ಕಡ್ಡಿಯಲ್ಲಿದ್ದ ಜೀವದಿಂದ ಸುಮ್ಮನೆ ಚಿಗುರಿತಾ ಎಂದು ಅನುಮಾನ ಬಂತು. ಮಾಯಿಲಪ್ಪ, "ಒಳಗೆ ಕೊಳೆತಿದ್ದರೂ ಮೇಲೆ ಗೊತ್ತಾಗುವುದಿಲ್ಲ ಮಾರಾಯ್ರೇ" ಎಂದು ಹೇಳಿದ. ಬುಧವಾರ ಟೇಪು ಸ್ವಲ್ಪ ಸಡಿಲ ಮಾಡಿ ನೋಡಿದೆ. ಕೂಡಿತ್ತು. ಚಂದ ಕೂಡಿತ್ತು. ವಾಪಸು ಸುತ್ತಿದೆ. ಆದರೆ ಅವಳು ಸುತ್ತಿದ ಹಾಗೆ ನನಗೆ ಸುತ್ತಲು ಬರಲಿಲ್ಲ.

ಶುಕ್ರವಾರ ಎಲೆ ಬಾಡಿತು. ಇವತ್ತು ಕಡ್ಡಿ ಕೈಗೆ ಬಂತು.

ಇಂತಿ,
ನಿನ್ನ ಅಪ್ಪ


ಲಾಯಿಲ
28 ಸೆಪ್ಟೆಂಬರ್ 2025

ಮಗಾ ವಿಸ್ಮಿತಾ,

ಗಿಡದ ವಿಷಯ ನೀನು ಹೇಳುವ ಮೊದಲೇ ನನಗೆ ಗೊತ್ತಾಗಿತ್ತು. ಮೊನ್ನೆ ಅಪ್ಪ ಫೋನ್ ಮಾಡಿ ಮಳೆ ಉಂಟಾ ಎಂದು ಕೇಳಿದರು, ಉಂಟು ಎಂದೆ, ಊಟ ಆಯಿತಾ ಎಂದು ಕೇಳಿದರು, ಆಯಿತು ಎಂದೆ. ಆಮೇಲೆಯೂ ಫೋನ್ ಇಡಲಿಲ್ಲ. "ಟೇಪು ಬಿಚ್ಚಿದಿರಾ?" ಎಂದು ಕೇಳಿದೆ. "ನಿನಗೆ ಯಾರು ಹೇಳಿದ್ದು?" ಎಂದು ಗಾಬರಿಯಾದರು. ಬೀಪಾತುಮ್ಮನಿಗೆ ಹೇಳಿದೆ. "ಗಂಡಸರಿಗೆ ಅನ್ನದ ಪಾತ್ರೆಯ ಮುಚ್ಚಳ ತೆಗೆಯದೆ ಕೂರಲಿಕ್ಕೆ ಆಗ್ತದಾ ಮೋಳೇ?" ಎಂದು ನಕ್ಕರು. ನಾನೂ ನಕ್ಕೆ. ತುಂಬ ಹೊತ್ತು ನಕ್ಕೆವು.

ಅಪ್ಪನಿಗಾಗಿ ಇನ್ನೊಂದು ಗಿಡ ಮೀಸಲಿಟ್ಟಿದ್ದೇನೆ. ಚೆನ್ನಾಗಿ ಚಿಗುರಿದೆ. ಆದರೆ ಈ ಸಲ ಕಳಿಸುವುದಿಲ್ಲ. ನೋಡಬೇಕೆಂದರೆ ಭಾನುವಾರ ಇಲ್ಲಿಗೇ ಬಂದು ನೋಡಿಕೊಂಡು ಹೋಗಲಿ ಎಂದಿದ್ದೇನೆ.

ನಿನ್ನ ಸಿಟ್ಟಿನ ಕಾಗದವನ್ನು ಎರಡು ಸಲ ಓದಿದೆ. ಸಿಟ್ಟು ಬಂದದ್ದು ಒಳ್ಳೆಯದೇ ಆಯಿತು. ಸಣ್ಣವಳಿರುವಾಗಲೂ ನಿನಗೆ ಸಿಟ್ಟು ಬಂದರೆ ಬಾಯಿ ಮುಚ್ಚಿಕೊಂಡು ಮೂಲೆಯಲ್ಲಿ ಕೂರುತ್ತಿದ್ದೆ. ಈಗ ಬರೆದಿಯಲ್ಲ.

ನೀನು ಕನ್ನಡ ಎಂ.ಎ. ಮಾಡುತ್ತೇನೆ ಎಂದಾಗ ಮನೆಗೆ ಬಂದವರೆಲ್ಲ ನನ್ನನ್ನು ಕೇಳುತ್ತಿದ್ದರು, ಅದರಿಂದ ಎಂತ ಆಗ್ತದೆ ಎಂದು. ನನಗೂ ಗೊತ್ತಿರಲಿಲ್ಲ. ಹೆದರಿಕೆ ನನಗೂ ಇತ್ತು. "ಅವಳಿಗೆ ಗೊತ್ತುಂಟು" ಎಂದು ಹೇಳುತ್ತಿದ್ದೆ. ನಿನಗೂ ಆಗ ಗೊತ್ತಿರಲಿಲ್ಲ ಎಂದು ನನಗೆ ಗೊತ್ತಿತ್ತು. ಆದರೂ ಹಾಗೆಯೇ ಹೇಳುತ್ತಿದ್ದೆ.

ಕೆಲಸ ಬಿಡುವುದಾದರೆ ಬಿಡು. ಅದು ನಿನ್ನ ಇಷ್ಟ, ಬೇಡ ಎನ್ನುವುದಿಲ್ಲ. ನನ್ನ ಜಾಗದಲ್ಲಿ ಕೂರುವುದಕ್ಕೆ ಮಾತ್ರ ಬಿಡಬೇಡ. ಆ ಜಾಗದಲ್ಲಿ ಯಾರೂ ಕೂರದಿದ್ದರೂ ಆಗುತ್ತದೆ ಮಗಾ. ಅಪ್ಪನಿಗೆ ಅನ್ನ ಮಾಡಲಿಕ್ಕೆ ಬರುತ್ತದೆ. ಹುಣಸೆ ಜಾಸ್ತಿಯಾದರೆ ಅವರೇ ಉಣ್ಣಲಿ, ನಾಳೆ ಕಡಿಮೆ ಹಾಕುತ್ತಾರೆ.

ಅಮ್ಮ


ನರಿಕೊಂಬು
6 ಅಕ್ಟೋಬರ್ 2025

ಚಿ. ವಿಸ್ಮಿತಾ,

ನಿನ್ನೆ ಲಾಯಿಲಕ್ಕೆ ಹೋಗಿದ್ದೆ. ಕರೆಯಲಿಕ್ಕಲ್ಲ, ಗಿಡ ನೋಡಲಿಕ್ಕೆ. ಪಂಚೆ ಉಡಲಿಲ್ಲ, ಪ್ಯಾಂಟಿನಲ್ಲೇ ಹೋದೆ.

ನರ್ಸರಿಯಲ್ಲಿ ಅವಳು ಕೆಲಸ ಮಾಡುವುದನ್ನು ಸ್ಟೂಲಿನಲ್ಲಿ ಕೂತು ನೋಡಿದೆ. ಎಡಗೈಯಲ್ಲಿ ಕಡ್ಡಿ, ಬಲಗೈಯಲ್ಲಿ ಚೂರಿ, ಬಾಯಲ್ಲಿ ಟೇಪಿನ ತುದಿ ಕಚ್ಚಿಕೊಂಡು ಒಂದು ಗಿಡ ಮುಗಿಸಿ ಇನ್ನೊಂದು. ನಾನು ಕಂಡಕ್ಟರ್ ಆಗಿದ್ದಾಗ ರಶ್ಶಿನಲ್ಲಿ ಯಾರ ಮುಖವನ್ನೂ ನೋಡದೆ ಚಿಲ್ಲರೆ ಕೊಡುತ್ತಿದ್ದೆನಲ್ಲ, ಹಾಗೆ. ಇಷ್ಟು ವರ್ಷ ಒಂದೇ ಮನೆಯಲ್ಲಿ ಇದ್ದೆವು, ಅವಳಿಗೆ ಇದು ಗೊತ್ತುಂಟೆಂದು ನನಗೆ ಗೊತ್ತೇ ಇರಲಿಲ್ಲ. "ನೀನು ಯಾಕೆ ಹೇಳಲಿಲ್ಲ?" ಎಂದು ಕೇಳಿದೆ. "ನೀವು ಕೇಳಲಿಲ್ಲ" ಎಂದಳು. ಸಿಟ್ಟಿನಿಂದ ಅಲ್ಲ.

ಆಮೇಲೆ ಒಂದು ಮಾತು ಹೇಳಿದಳು. ರಾತ್ರಿ ಅತ್ತೆ ಕೆಮ್ಮಿದ ಹಾಗೆ ಕೇಳ್ತದೆ, ಅದಕ್ಕೆ ಅಲ್ಲಿ ನಿದ್ದೆ ಬರುವುದಿಲ್ಲ ಎಂದು. ಸಂಜೆ ಬಸ್ ಸ್ಟಾಪಿನವರೆಗೆ ಜೊತೆಗೆ ಬಂದಳು. ಬಸ್ಸು ಹತ್ತುವಾಗ ಹೇಳಿದೆ, "ನನಗೂ ಕೇಳ್ತದೆ" ಎಂದು. ನಿಜ ಮಗಳೇ. ಅವಳು ಎದ್ದು ಅಡಿಗೆ ಕೋಣೆಗೆ ಹೋಗುವುದು ನನಗೆ ಗೊತ್ತಾಗುತ್ತಿತ್ತು. ಎಚ್ಚರ ಇದ್ದರೂ ಮಲಗಿಯೇ ಇರುತ್ತಿದ್ದೆ. ಅವಳಿಗೆ ಕೇಳುವುದು ನನಗೆ ಗೊತ್ತಿರಲಿಲ್ಲ, ನನಗೆ ಕೇಳುವುದು ಅವಳಿಗೆ ಗೊತ್ತಿರಲಿಲ್ಲ. ಡ್ರೈವರ್ ಹಾರ್ನ್ ಹೊಡೆದ. "ಬರುವ ಭಾನುವಾರ ಬನ್ನಿ" ಎಂದಳು.

ದೀಪಾವಳಿಗೆ ಅವಳು ಬರುವುದಾ, ನಾನು ಹೋಗುವುದಾ, ಮಾತಾಗಲಿಲ್ಲ. ಆಮೇಲೆ ಅವಳು ಮನೆಗೆ ಬರ್ತಾಳಾ ಎಂಬುದೂ. ನಾನು ಕೇಳಿದರೆ ಸರಿಯಾಗುವುದಿಲ್ಲ. ನೀನು ಕೇಳಿ ನೋಡು. ನೀನು ಬರುವ ವಿಷಯವನ್ನೂ ಬರೆ.

ಇಂತಿ,
ಅಪ್ಪ


ಮೂಡಬಿದಿರೆ
12 ಅಕ್ಟೋಬರ್ 2025

ಪ್ರೀತಿಯ ಅಮ್ಮ, ಅಪ್ಪ,

ಈ ಕಾಗದವನ್ನು ಎರಡು ಸಲ ಬರೆದಿದ್ದೇನೆ. ಒಂದು ನರಿಕೊಂಬಿಗೆ, ಒಂದು ಲಾಯಿಲಕ್ಕೆ. ಎರಡರಲ್ಲೂ ಒಂದೇ ಮಾತು. ಎರಡನೆಯದನ್ನು ಬರೆಯುವಾಗ ಒಂದು ಕಡೆ ಪೆನ್ನು ತಾನಾಗಿ ನಿಂತಿತು. ಅಮ್ಮನ ಪ್ರತಿಯಲ್ಲಿ ಒಂದು ಸಾಲನ್ನು ಸ್ವಲ್ಪ ಮೆದು ಮಾಡುವ ಎನಿಸಿತು. ಮಾಡಲಿಲ್ಲ. ನಂಬಿಕೆ ಇಲ್ಲದಿದ್ದರೆ ಭಾನುವಾರ ಎರಡನ್ನೂ ಅಕ್ಕಪಕ್ಕ ಇಟ್ಟು ಓದಿ ನೋಡಿ.

ಆ ಸಾಲು ಇದು: ಅಪ್ಪ ಸ್ವಲ್ಪ ಬಡಕಲಾಗಿದ್ದಾರೆ. ಅಮ್ಮನ ಮುಖಕ್ಕೆ ಸ್ವಲ್ಪ ಬಣ್ಣ ಬಂದಿದೆಯಂತೆ.

ನಾನು ಕೆಲಸ ಬಿಡುವುದಿಲ್ಲ. ನಿನ್ನೆ ಯಜಮಾನರ ಕೋಣೆಗೆ ಹೋಗಿ, ಕಥೆಗಳ ಮಾಲೆಯನ್ನು ನಾನು ನೋಡಿಕೊಳ್ಳುತ್ತೇನೆ ಸರ್ ಎಂದೆ. ದನಿ ಎಷ್ಟು ಸಣ್ಣಗೆ ಬಂತೆಂದರೆ, "ಎಂತ ಹೇಳಿದ್ದಮ್ಮಾ?" ಎಂದು ಕೇಳಿದರು. ಇನ್ನೊಮ್ಮೆ ಹೇಳಬೇಕಾಯಿತು. ಎರಡನೇ ಸಲ ಸುಲಭವಾಯಿತು.

ಅಪ್ಪಾ, ನಿಮಗೆ ಇದರಿಂದ ಬೇಸರವಾಗುತ್ತದೆ ಎಂದು ಗೊತ್ತು. ಶನಿವಾರಗಳಲ್ಲಿ ಬರುತ್ತೇನೆ. ಕೀಲಿಕೈಯನ್ನು ಹಲಸಿನ ಬುಡದ ಕಲ್ಲಿನ ಕೆಳಗೆ ಇಟ್ಟಿರಿ, ನಾನೇ ಬಾಗಿಲು ತೆಗೆದು ಅನ್ನ ಇಟ್ಟಿರುತ್ತೇನೆ. ಮರ ಕಡಿಯುವವರು ಬರುವ ದಿನ ಗೊತ್ತಾದರೆ ಹೇಳಿ. ಅಜ್ಜಿ ಆ ಮರದ ಹಣ್ಣು ಕೊಯ್ಯುವಾಗ ಕೈಗೆ ಎಣ್ಣೆ ಸವರಿಕೊಂಡು, ಮೊದಲ ತೊಳೆ ನನಗೆ, ಎರಡನೆಯದು ಅಮ್ಮನಿಗೆ ಕೊಡುತ್ತಿದ್ದರು. ಆ ಹೊತ್ತಿನಲ್ಲಿ ನೀವು ಯಾವಾಗಲೂ ಬಸ್ಸಿನಲ್ಲಿ ಇರುತ್ತಿದ್ದಿರಿ. ನಿಮ್ಮ ಪಾಲನ್ನು ಬಾಳೆಎಲೆಯಲ್ಲಿ ಮುಚ್ಚಿ ಇಡುತ್ತಿದ್ದೆವು. ಇವತ್ತು ಬೆಳಿಗ್ಗೆ ಹಲ್ಲು ತಿಕ್ಕುತ್ತಿರುವಾಗ, ಯಾವ ಕಾರಣವೂ ಇಲ್ಲದೆ, ಆ ಎಲೆಯ ಮೇಲೆ ಹಾರಿಹೋಗದ ಹಾಗೆ ಇಡುತ್ತಿದ್ದ ಹಿತ್ತಾಳೆಯ ಲೋಟ ನೆನಪಾಯಿತು.

ಇನ್ನು ದೀಪಾವಳಿ. ಅಪ್ಪ ನನ್ನನ್ನು ಕೇಳಲು ಹೇಳಿದ್ದಾರೆ, ಅಮ್ಮ ಬರುತ್ತಾಳಾ ಎಂದು. ಕೇಳಬೇಕೆಂದೇ ಕಾಗದ ತೆಗೆದೆ. ಜುಲೈಯಲ್ಲಿ ಬರೆದ ಮೊದಲ ಕಾಗದದಿಂದಲೂ ನನ್ನ ಕೊನೆಯ ಪ್ರಶ್ನೆ ಒಂದೇ ಆಗಿತ್ತು, ಬರೆದಾಗಲೂ ಬರೆಯದಾಗಲೂ. ಯಾವಾಗ ಬರುತ್ತೀ.

ಹಬ್ಬಕ್ಕೆ ಮೂರು ದಿನ ರಜೆ ಕೇಳಿ ಅರ್ಜಿ ಬರೆದೆ. ಎಲ್ಲಿಗೆ ಎಂಬಲ್ಲಿ ಪ್ರತಿ ವರ್ಷ 'ನರಿಕೊಂಬು' ಎಂದು ಬರೆಯುತ್ತಿದ್ದೆ. ಈ ಸಲ 'ಊರಿಗೆ' ಎಂದಷ್ಟೇ ಬರೆದೆ. ಇಲ್ಲಿಯ ಸ್ಟ್ಯಾಂಡಿನಲ್ಲಿ ನರಿಕೊಂಬಿಗೆಂದು ಸಿದ್ಧಕಟ್ಟೆಯ ಕಡೆಗೆ ಹೋಗುವ ಬಸ್ಸೂ ಲಾಯಿಲಕ್ಕೆಂದು ವೇಣೂರಿನ ಕಡೆಗೆ ಹೋಗುವ ಬಸ್ಸೂ ಒಂದೇ ಕಡೆ ನಿಲ್ಲುತ್ತವೆ. ಹಬ್ಬದ ಹಿಂದಿನ ದಿನ ಅಲ್ಲಿ ನಿಂತು ನಿಮ್ಮಿಬ್ಬರಿಗೂ ಫೋನ್ ಮಾಡುತ್ತೇನೆ. ಊಟ ಆಯಿತಾ, ಮಳೆ ಉಂಟಾ ಎಂದು ಕೇಳುತ್ತೇನೆ. ದೀಪ ಎಲ್ಲಿ ಇಡುತ್ತೀರಿ ಎಂದು ನೀವೇ ಹೇಳಿದರೆ ಅಲ್ಲಿಯ ಬಸ್ಸು ಹತ್ತುತ್ತೇನೆ. ಎರಡು ಕಡೆ ಇಡುವುದಾದರೆ ಎರಡು ಬಸ್ಸು ಹತ್ತುತ್ತೇನೆ.

ಬೇರೆ ಏನನ್ನೂ ಕೇಳುವುದಿಲ್ಲ.

ನಿಮ್ಮಿಬ್ಬರ ಮಗಳು
ವಿಸ್ಮಿತಾ